ಎಲೆಗೆ ಬೊಕ್ಕೆ ಏಳಲೆಂದು ಕಾದವರು

ಅಮೆರಿಕದ ರಾಂಚೊ ಬರ್ನಾರ್ಡೊದಲ್ಲಿ ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಮಾರ್ಚ್ ತಿಂಗಳ ಮಂಜು ಗುಡ್ಡ ಇಳಿದು ಮನೆಗಳ ಗ್ಯಾರೇಜ್ ಬಾಗಿಲವರೆಗೂ ಬಂದು ನಿಂತಿದೆ. ಇಂಟರ್‌ಸ್ಟೇಟ್ ಹದಿನೈದು ಎಂಬ ಹೆದ್ದಾರಿಯ ಕಡೆಯಿಂದ ಮೊದಲ ಪಾಳಿಯ ಕಾರುಗಳ ಮೊರೆತ ಆಗಲೇ ಶುರುವಾಗಿದೆ. ಮನೆಗಳ ಸಾಲಿನ ನಡುವೆ ಎಲ್ಲರಿಗೂ ಸೇರಿದ ಒಂದು ಬಯಲಿದೆ. ಆ ಬಯಲಿನ ಅಂಚಿನ ಹಳೆಯ ಓಕ್ ಮರದ ಬುಡದಲ್ಲಿ ಹೆಂಗಸೊಬ್ಬರು ಮೊಣಕಾಲೂರಿ ಕುಳಿತು, ಗೋಡೆಗೆ ಬಣ್ಣ ಬಳಿಯುವ ಬ್ರಷ್ಷಿನಿಂದ ಬೇರಿನ ಮೇಲಿನ ಮಣ್ಣು ಗುಡಿಸುತ್ತಿದ್ದಾರೆ. ಮಗುವಿನ ಕಿವಿ ಒರೆಸುವಷ್ಟು ಜೋಪಾನ. ಕೊರಳಲ್ಲಿ ತಾಳಿಯ ಪಕ್ಕದಲ್ಲೇ ಕಪ್ಪು ದಾರಕ್ಕೆ ಕಟ್ಟಿದ ಪುಟ್ಟ ಭೂತಗನ್ನಡಿ ತೂಗುತ್ತಿದೆ.

ಇವರು ಜಯದೇವಿ. ಊರು ಗದಗ. ಈಗಿನ ಮನೆ ಲಾಸ್ ಏಂಜಲಿಸ್ ಪಕ್ಕದ ಟೊರೆನ್ಸ್. ಗಂಡ ಉಮಾಶಂಕರ ವಿಮಾನದ ಬಿಡಿಭಾಗ ತಯಾರಿಸುವ ಕಡೆ ಇಂಜಿನಿಯರು. ಜಯದೇವಿಯದು ಮರ ನೋಡುವ ಕೆಲಸ. ಮರಗಳ ಆರೈಕೆ ಮಾಡುವ ಒಂದು ಸಣ್ಣ ಕಂಪನಿಯ ಪರವಾಗಿ ಬೀದಿ, ಪಾರ್ಕು, ಶಾಲೆ ಎಂದು ಸುತ್ತುತ್ತಾರೆ. ಎಲೆ ತಿರುವಿ, ತೊಗಟೆ ತಟ್ಟಿ, ಬುಡ ಕೆದರಿ ನೋಡಿ, ಮರಕ್ಕೆ ಏನಾಗಿದೆ ಎಂದು ಹೇಳುತ್ತಾರೆ. ಗುರುವಾರ ಅವರಿಗೆ ರಜೆ. ಆ ರಜೆಯ ದಿನ ಕತ್ತಲಲ್ಲೇ ಎದ್ದು, ಬುತ್ತಿ ಕಟ್ಟಿಕೊಂಡು, ಎರಡು ತಾಸು ಡ್ರೈವ್ ಮಾಡಿ ಇಲ್ಲಿಗೆ ಬರುತ್ತಾರೆ. ಕಳೆದ ಶರತ್ಕಾಲದಿಂದ ಇದೇ ರೂಢಿ. ಬರಬೇಕೆಂದು ಅವರಿಗೆ ಯಾರೂ ಹೇಳಿಲ್ಲ.

ಇವತ್ತು ಬಂದಿರುವುದಕ್ಕೆ ಮಾತ್ರ ಬೇರೆಯೇ ಕಾರಣವಿದೆ. ಎಂಟು ಗಂಟೆಗೆ ಇಲ್ಲಿನ ನಿವಾಸಿಗಳ ಸಂಘದ ಕಾರ್ಯದರ್ಶಿ ಬಂದು ಮರ ನೋಡುತ್ತಾರೆ. ಮರದಲ್ಲಿ ಜೀವ ಉಂಟೆಂದು ಕಂಡರೆ ಉಳಿಸುತ್ತಾರೆ, ಇಲ್ಲವಾದರೆ ವಾರದೊಳಗೆ ಗರಗಸ. ಕೆಳಗೆ ಮಕ್ಕಳು ಸೈಕಲ್ ಹೊಡೆಯುವ ದಾರಿ ಇರುವುದರಿಂದ ಕೊಂಬೆ ಮುರಿದು ಬಿದ್ದೀತೆಂಬ ಸಂಘದವರ ಭಯವನ್ನೂ ತಳ್ಳಿಹಾಕುವಂತಿಲ್ಲ. ಜಯದೇವಿ ಆಗಾಗ ತಲೆಯೆತ್ತಿ ಮೇಲೆ ನೋಡುತ್ತಾರೆ. ಮಂಜಿನಲ್ಲಿ ಏನೂ ಕಾಣುವುದಿಲ್ಲ. ಮತ್ತೆ ಬ್ರಷ್ ಹಿಡಿಯುತ್ತಾರೆ.

"ರಾತ್ರಿ ನಿದ್ದಿ ಬರಲಿಲ್ರಿ," ಎನ್ನುತ್ತಾರೆ. "ಪರೀಕ್ಷಾ ಗಿಡದ್ದು. ಜ್ವರ ನನಗ ಬಂದಂಗಾಗೇತಿ."

ಗದಗದ ಕಡೆ ಮರಕ್ಕೂ ಗಿಡವೆಂದೇ ಹೆಸರು. ಇಲ್ಲಿಗೆ ಬಂದು ಇಪ್ಪತ್ತು ವರ್ಷವಾದರೂ ಅವರ ಬಾಯಲ್ಲಿ ಈ ಓಕ್ ಇನ್ನೂ ಗಿಡವೇ.

ಈ ಮರದ ಕಥೆ ಶುರುವಾಗುವುದು 2020ರಲ್ಲಿ. ವಿಜಯಪುರದಿಂದ ಮಗಳು ರಜನಿಯ ಮನೆಗೆಂದು ಬಂದ ಅಪ್ಪಾಸಾಹೇಬ ಮತ್ತು ಗುರುಶಾಂತವ್ವ, ವಿಮಾನಗಳು ನಿಂತದ್ದರಿಂದ ಇಲ್ಲೇ ಉಳಿದರು. ಅಪ್ಪಾಸಾಹೇಬರು ಲೋಕೋಪಯೋಗಿ ಇಲಾಖೆಯಲ್ಲಿ ಇಂಜಿನಿಯರಾಗಿ ನಿವೃತ್ತರಾದವರು. ಜೀವಮಾನವಿಡೀ ಸೇತುವೆ, ರಸ್ತೆ ಮಾಡಿಸಿದ ಮನುಷ್ಯನಿಗೆ ಮನೆಯೊಳಗೆ ಕುಳಿತು ಟಿವಿ ನೋಡೆಂದರೆ ಹೇಗಾದೀತು? ಬಯಲಿನಲ್ಲಿ ಓಕ್ ಮರ ಕಣ್ಣಿಗೆ ಬಿತ್ತು. ನಮ್ಮವರ ಸ್ವಭಾವ ಗೊತ್ತಲ್ಲ, ನೆರಳು ಕೊಡುವ ಮರ ಕಂಡರೆ ಅದಕ್ಕೊಂದು ಕಟ್ಟೆ ಕಟ್ಟದೆ ಕೈ ಸುಮ್ಮನಿರುವುದಿಲ್ಲ. ಗುಡ್ಡದ ಕಡೆಯಿಂದ ಒಂದೊಂದೇ ಕಲ್ಲು ಹೊತ್ತು ತಂದರು. ಮರದ ಸುತ್ತ ಮೊಣಕಾಲೆತ್ತರಕ್ಕೆ ಗುಂಡಗೆ ಜೋಡಿಸಿ, ಒಳಗೆ ಮಣ್ಣು ತುಂಬಿ, ಗುದ್ದಿ ಗಟ್ಟಿ ಮಾಡಿದರು. ಸಂಘದವರು ನೋಡಿ, ಕೂರಲು ಚೆನ್ನಾಗಿದೆ ಎಂದು ಮೆಚ್ಚಿಕೊಂಡರು. ಲಾಕ್‌ಡೌನ್ ಸಡಿಲವಾದ ಮೇಲೆ ಸುತ್ತಲಿನ ಕನ್ನಡದ ಮನೆಗಳ ಹಿರಿಯರೆಲ್ಲ ಬಂದು ಮಾಸ್ಕ್ ಹಾಕಿಕೊಂಡು ಅದರ ಮೇಲೆ ದೂರ ದೂರ ಕೂರತೊಡಗಿದರು.

ಮರುವರ್ಷ ಚಳಿಗಾಲದಲ್ಲಿ ಅಪ್ಪಾಸಾಹೇಬರು ನಿದ್ದೆಯಲ್ಲೇ ತೀರಿಕೊಂಡರು. ಗುರುಶಾಂತವ್ವ ಮಗಳ ಮನೆಯಲ್ಲೇ ನಿಂತರು. ದಿನಾ ನಸುಕಿನಲ್ಲಿ ಎದ್ದು, ಹಿತ್ತಾಳೆಯ ತಂಬಿಗೆಯ ತುಂಬ ನೀರು ತಂದು, ಮರಕ್ಕೆ ವಿಭೂತಿ ಹಚ್ಚಿ, ಹೂ ಏರಿಸಿ, ಸುತ್ತು ಹಾಕಿ, ಬುಡಕ್ಕೆ ನೀರೆರೆಯುವುದು ಅವರ ನೇಮವಾಯಿತು. ಗಂಡ ಕಟ್ಟಿದ ಕೊನೆಯ ಕಟ್ಟಡ ಅದು. ಅವರೊಡನೆ ಮಾತಾಡುವುದಿದ್ದರೆ ಗುರುಶಾಂತವ್ವ ಅಲ್ಲಿಯೇ ಹೋಗಿ ಕೂರುತ್ತಿದ್ದರು.

2022ರ ವಸಂತದಲ್ಲಿ ಮರದ ಹೊಸ ಎಲೆಗಳ ಮೇಲೆ ಬೊಕ್ಕೆ ಎದ್ದವು. ಎಲೆಯ ಮೇಲ್ಭಾಗದಲ್ಲಿ ಹೆಸರುಕಾಳಿನಷ್ಟು ಉಬ್ಬು. ತಿರುವಿ ನೋಡಿದರೆ ಅದೇ ಜಾಗದಲ್ಲಿ ಗುಳಿ, ಗುಳಿಯ ತುಂಬ ತುಕ್ಕಿನ ಬಣ್ಣದ ಮಖಮಲ್ಲಿನಂಥ ರೋಮ. ಗುರುಶಾಂತವ್ವ ನೋಡಿದವರೇ ಎದೆ ಹಿಡಿದುಕೊಂಡರು. "ಗಿಡಕ್ಕ ಅಮ್ಮ ಎದ್ದಾಳ," ಎಂದರು. ಅಮ್ಮ ಎದ್ದರೆ ಮಾಡುವುದೇನು? ತಂಪು ಮಾಡಬೇಕು. ಒಂದು ತಂಬಿಗೆ ನೀರು ಹೋಗಿ ಕೊಡಗಳಾದವು. ನಾಲ್ಕಾರು ಮನೆಯವರು ಸರದಿಯ ಮೇಲೆ ಎರೆದರು. ಯಾರೋ ಬೇವಿನೆಣ್ಣೆ ಸಿಂಪಡಿಸಿದರು. ಇನ್ಯಾರೋ, ಈ ಸೀಮೆಯ ಓಕ್‌ಗಳನ್ನು ಕೊರೆದು ಕೊಲ್ಲುವ ಜೀರುಂಡೆ ಇದೇ ಇರಬೇಕು ಎಂದು ಸಂಘಕ್ಕೆ ದೂರಿತ್ತರು. ಆಗ ಸಂಘದವರು ಕರೆಸಿದ್ದು ಜಯದೇವಿಯನ್ನು.

ಜಯದೇವಿಗೆ ಒಂದು ಎಲೆ ಸಾಕಾಯಿತು. ಧಾರವಾಡದಲ್ಲಿ ಕೃಷಿ ಓದಿ ಮುಗಿಸಿದ ಹೊತ್ತಿನಲ್ಲಿ ಅವರು ತಾತ್ಕಾಲಿಕ ಕೆಲಸಕ್ಕೆಂದು ತಿಪಟೂರು, ಅರಸೀಕೆರೆ ಕಡೆ ತೋಟ ತೋಟ ಅಲೆದಿದ್ದರು. ತೆಂಗಿಗೆ ನುಸಿ ಬಿದ್ದು ಕಾಯಿಗಳೆಲ್ಲ ಸುಕ್ಕುಗಟ್ಟಿ ಉದುರುತ್ತಿದ್ದ ಕಾಲ ಅದು. ನುಸಿಯೆಂದರೆ ಬರಿಗಣ್ಣಿಗೆ ಕಾಣುವ ಪ್ರಾಣಿಯಲ್ಲ. ಕೀಟವೂ ಅಲ್ಲ, ಜೇಡದ ದೂರದ ಬಳಗ. ಇದರ ಕೆಲವು ಜಾತಿಗಳಿಗೆ ನಾಲ್ಕೇ ಕಾಲು, ಮೈ ಮಾತ್ರ ಹುಳುವಿನ ಹಾಗೆ ಉದ್ದ. ತೆಂಗಿನ ನುಸಿಗೂ ಓಕ್ ಎಲೆಯ ಈ ನುಸಿಗೂ ಹತ್ತಿರದ ನಂಟು, ಗುಣ ಮಾತ್ರ ಬೇರೆ. ಓಕ್‌ನ ನುಸಿ ಎಳೆ ಎಲೆಯನ್ನು ಚುಚ್ಚಿ ರಸ ಹೀರುತ್ತದೆ. ಎಲೆ ಅಲ್ಲಿ ಉಬ್ಬಿ, ಅಡಿಯಲ್ಲಿ ರೋಮ ಬೆಳೆಸುತ್ತದೆ. ಆ ರೋಮದ ನಡುವೆ ನುಸಿಯ ಸಂಸಾರ. ಮರಕ್ಕೆ ಇದರಿಂದ ಹೇಳಿಕೊಳ್ಳುವಂಥ ತೊಂದರೆಯಿಲ್ಲ, ಮದ್ದೂ ಬೇಕಿಲ್ಲ.

"ಅಂಜಬ್ಯಾಡ್ರಿ, ಇದು ಗಿಡದ ಜೀವಕ್ಕೇನೂ ಮಾಡೂದಿಲ್ಲ," ಎಂದು ಹೇಳಿ ಜಯದೇವಿ ಹೊರಟರು. ಗುರುಶಾಂತವ್ವ ಅವರನ್ನು ಮನೆಗೆ ಕರೆದು ರೊಟ್ಟಿ, ಶೇಂಗಾ ಚಟ್ನಿ ಕೊಟ್ಟು ಕಳಿಸಿದರು.

ಹೇಳಿದ ಮಾತು ಸುಳ್ಳಲ್ಲ. ಆದರೆ ಅವತ್ತು ನೋಡಬೇಕಾದ್ದನ್ನೆಲ್ಲ ನೋಡಲಿಲ್ಲ ಎಂಬುದು ಜಯದೇವಿಯ ಎದೆಯೊಳಗೆ ಮುಳ್ಳಾಗಿ ಉಳಿದಿದೆ. "ನಾ ಎಲಿ ನೋಡಿದೆ, ಬುಡ ನೋಡಲಿಲ್ರಿ," ಎನ್ನುತ್ತಾರೆ, ಬ್ರಷ್ ಪಕ್ಕಕ್ಕಿಟ್ಟು. "ಬ್ಯಾರೆ ಕಡೆ ಆಗಿದ್ರ ಮೊದಲ ಬುಡಕ್ಕ ಕೈ ಹಾಕತಿದ್ದೆ. ಇಲ್ಲೆ ವಿಭೂತಿ ಹಚ್ಚಿದ್ರು, ಹೂ ಏರಿಸಿದ್ರು. ನಮ್ಮ ಮನಿ ಮುಂದ ಬಿಲ್ಪತ್ರಿ ಗಿಡಕ್ಕ ಇಂಥದ್ದ ಕಟ್ಟಿ ಇತ್ತು. ಚಪ್ಪಲಿ ಬಿಟ್ಟೆ, ಕೈ ಮುಗದೆ, ಬಂದೆ. ಅದನ್ನ ಹ್ಯಾಂಗ ಕೆದರಲಿ?"

ಬೇರೆ ಯಾವ ಊರಿನ ಕೆಲಸಗಾರ ಬಂದಿದ್ದರೂ ಸಲಾಕೆ ಹಾಕಿ ಕಟ್ಟೆಯ ಮಣ್ಣು ಕೆದಕುತ್ತಿದ್ದ. ನಮ್ಮವರೇ ಬಂದದ್ದರಿಂದ ಕೈ ಮುಗಿದು ಹೋದರು.

ಜಯದೇವಿ ಧೈರ್ಯ ಹೇಳಿ ಹೋದ ಮೇಲೂ ನೀರು ನಿಲ್ಲಲಿಲ್ಲ. ಆ ಬೇಸಿಗೆಯಲ್ಲಿ ಗುರುಶಾಂತವ್ವನಿಗೆ ಜ್ವರ ಬಂದು ನೇಮ ತಪ್ಪುವಂತಾಯಿತು. ಪಕ್ಕದ ಮನೆಯ ಸಂದೀಪ್, ಬೆಂಗಳೂರಿನ ಹುಡುಗ, ಟೆಲಿಕಾಂ ಕಂಪನಿಯಲ್ಲಿ ಕೆಲಸ, ಅಜ್ಜಿ ಕೊರಗುವುದನ್ನು ನೋಡಲಾರದೆ ಕಟ್ಟೆಯ ಮೇಲೆ ಒಂದು ಹನಿ ನೀರಾವರಿ ಪೈಪ್ ಸುತ್ತಿಬಿಟ್ಟರು. ಫೋನಿನಲ್ಲಿ ಟೈಮ್ ಸೆಟ್ ಮಾಡಿದರೆ ತಾನಾಗಿ ನೀರು ಬಿಡುತ್ತದೆ. ಭಕ್ತಿಗೂ ಆ್ಯಪ್ ಬಂತೆಂದು ಎಲ್ಲರೂ ನಕ್ಕರು. ಅಜ್ಜಿಗೆ ಜ್ವರ ಬಿಟ್ಟಿತು. ಪೈಪ್ ಬಿಡಲಿಲ್ಲ.

ಇಲ್ಲಿನ ಓಕ್‌ಗಳ ಸ್ವಭಾವ ನಮ್ಮ ಅರಳಿಯಂತಲ್ಲ. ಮಳೆಯೇನಿದ್ದರೂ ಚಳಿಗಾಲದಲ್ಲಿ. ಬೇಸಿಗೆಯಿಡೀ ಬುಡ ಒಣಗಿಯೇ ಇರಬೇಕು, ಅದರಲ್ಲೂ ಕಾಂಡ ಬೇರಾಗಿ ಇಳಿಯುವ ಜಾಗಕ್ಕೆ ಗಾಳಿ ಆಡಬೇಕು. ಅಲ್ಲಿ ಮಣ್ಣೇರಿ, ಬಿಸಿಲುಗಾಲದಲ್ಲಿ ನೀರು ನಿಂತರೆ ತೊಗಟೆ ಒಳಗೊಳಗೇ ಕೊಳೆಯುತ್ತದೆ. ಕಳೆದ ಸೆಪ್ಟೆಂಬರ್‌ನಲ್ಲಿ ಜಯದೇವಿಯನ್ನು ಎರಡನೇ ಸಲ ಕರೆಸಿದಾಗ ಮರದ ತಲೆ ಬೋಳಾಗುತ್ತಿತ್ತು. ಕಟ್ಟೆಯ ಮಟ್ಟದಿಂದ ಗೇಣು ಮೇಲೆ ತೊಗಟೆಯಿಂದ ಕಪ್ಪು ರಸ ಸೋರುತ್ತಿತ್ತು. ಈ ಸಲ ಅವರು ಕೈ ಮುಗಿಯಲಿಲ್ಲ. ಮೊಣಕೈವರೆಗೆ ಮಣ್ಣಿನೊಳಗೆ ಕೈ ಇಳಿಸಿದರು. ತೊಗಟೆ ನೆನೆದ ರಟ್ಟಿನ ಹಾಗೆ ಬೆರಳಿಗೆ ಬಂತು. "ಅವತ್ತ ಅಲ್ಲೇ ಕುಂತು ಅತ್ತೇನ್ರಿ," ಎನ್ನುತ್ತಾರೆ.

ಮರ ಉಳಿಯಬೇಕಾದರೆ ಕಟ್ಟೆ ಹೋಗಬೇಕು. ಅದನ್ನು ಗುರುಶಾಂತವ್ವನಿಗೆ ಹೇಳುವವರು ಯಾರು? ಮಗಳು ರಜನಿಗೆ ಬಾಯಿ ಬರಲಿಲ್ಲ. ಸಂದೀಪ್ ಪೈಪ್ ಕಿತ್ತು ಸುತ್ತಿ ಹಿಡಿದು, "ಆಂಟಿ, ನಾನೇ ಕೊಂದ್ಬಿಟ್ನೇನೋ ಅನ್ಸುತ್ತೆ," ಎಂದು ತಲೆ ತಗ್ಗಿಸಿ ನಿಂತರು. "ಇಲ್ಲಪಾ, ನೀ ಅಷ್ಟ ಅಲ್ಲ. ನಾವೆಲ್ಲಾ ಕೂಡೇ ಮಾಡೇವಿ," ಎಂದು ಸಮಾಧಾನ ಹೇಳಿದ ಜಯದೇವಿ, ಮರುದಿನ ನಸುಕಿನಲ್ಲಿ ಮುದುಕಿ ಬರುವುದನ್ನೇ ಕಾದು ಕಟ್ಟೆಯ ಕೆಳಗೆ ನೆಲದ ಮೇಲೆ ಕುಳಿತರು.

"ಯವ್ವಾ, ಗಿಡಕ್ಕ ಅಮ್ಮನೂ ಇಲ್ಲ, ಏನೂ ಇಲ್ಲ. ಉಸಿರು ಕಟ್ಟೇತಿ."

"ಯಾತಕ್ಕವಾ?"

"ಈ ಕಟ್ಟಿ ಸಲುವಾಗಿ."

ಗುರುಶಾಂತವ್ವ ಕಟ್ಟೆಯ ಮೇಲೆ ಕೂತರು. ಕೂತಲ್ಲೇ ಕಲ್ಲಿನ ಮೇಲೆ ಕೈಯಾಡಿಸಿದರು. "ಅವರು ಕಟ್ಟಿದ್ದು," ಎಂದರು. ತಂಬಿಗೆ ಎತ್ತಿಕೊಂಡು ಮನೆಗೆ ನಡೆದರು. ಅವತ್ತು ನೀರೆರೆಯಲಿಲ್ಲ, ಊಟವನ್ನೂ ಮಾಡಲಿಲ್ಲ ಎಂದು ರಜನಿ ಸಂಜೆ ಫೋನ್ ಮಾಡಿ ಹೇಳಿದರು. ಜಯದೇವಿಗೆ ದಿಕ್ಕು ತೋಚಲಿಲ್ಲ. ಒಂದು ಮರ ಉಳಿಸಲು ಹೋಗಿ ಒಂದು ಮುದಿಜೀವವನ್ನು ನೋಯಿಸಿದೆನಲ್ಲ ಎಂದು ವಾರವಿಡೀ ಒದ್ದಾಡಿದರು. ಸಂಘದವರು ಕಡಿಯುವುದೇ ಸರಿ ಎಂದು ಆಗಲೇ ಮಾತಾಡತೊಡಗಿದ್ದರು. ಒಂದು ವಸಂತ ಕಾಯಿರಿ ಎಂದು ಜಯದೇವಿ ಬೇಡಿಕೊಂಡು ಮಾರ್ಚ್‌ವರೆಗೆ ಗಡುವು ಪಡೆದರು.

ಮುಂದಿನ ಗುರುವಾರ ಬಂದಾಗ ಗುರುಶಾಂತವ್ವ ಮರದ ಹತ್ತಿರ ನಿಂತಿದ್ದರು. ಸೆರಗು ಸೊಂಟಕ್ಕೆ ಸಿಕ್ಕಿಸಿದ್ದರು.

"ನಮ್ಮವರು ಹೆಂಗ ಇದ್ರು ನಿನಗ ಗೊತ್ತಿಲ್ಲ," ಎಂದರು. "ಒಮ್ಮಿ ಅವರು ಮಾಡಿಸಿದ ಸೇತುವಿ ಬಿರುಕು ಬಿಟ್ಟಿತ್ತು. ಯಾರಿಗೂ ಕಾಣೂಹಂಗ ಇರಲಿಲ್ಲ, ಮುಚ್ಚಿ ಹಾಕಬಹುದಿತ್ತು. ಇವರು ತಾವ ಬಿಸಲಾಗ ನಿಂತು ಕೆಡವಿಸಿ, ಹೊಸದು ಮಾಡಿಸಿದ್ರು. ತಪ್ಪ ಕಟ್ಟಿದ್ದನ್ನ ಉಳಿಸಿಕೊಂಡ ಮನಷ್ಯಾ ಅಲ್ಲ ಅವರು. ಇದನ್ನೂ ಅವರ ಕೆಡವಿದ್ರು ಅಂತ ತಿಳಕೊಳ್ಳೂಣು."

ಮೊದಲ ಕಲ್ಲನ್ನು ಅವರೇ ಎಬ್ಬಿಸಿದರು. ಸಣ್ಣದು. ಎದೆಗವಚಿಕೊಂಡು ಕೊಂಬೆಗಳ ನೆರಳು ಮುಗಿಯುವಲ್ಲಿಗೆ ಹೋಗಿ ನೆಲದ ಮೇಲೆ ಇಟ್ಟರು. ಜಯದೇವಿ, ರಜನಿ, ಸಂದೀಪ್ ಉಳಿದ ಕಲ್ಲುಗಳನ್ನು ಅಲ್ಲಿಗೇ ಸಾಗಿಸಿದರು. ಈಗ ಅವು ಮರದಿಂದ ದೂರದಲ್ಲಿ ದೊಡ್ಡ ಸುತ್ತಾಗಿ ಬಿಡಿಬಿಡಿಯಾಗಿ ಕುಳಿತಿವೆ. ಮಣ್ಣಿಲ್ಲ, ಗಾರೆಯಿಲ್ಲ. ಹಿರಿಯರು ಅವುಗಳ ಮೇಲೆ ಕೂತು ಮೊದಲಿನಂತೆಯೇ ಹರಟುತ್ತಾರೆ.

ಒಳಗಿನ ಮಣ್ಣು ತೆಗೆಯುವುದು ಕಲ್ಲಿನಷ್ಟು ಸಸಾರವಾಗಲಿಲ್ಲ. ಗುದ್ದಲಿ ತಾಗಿದರೆ ಬೇರಿಗೆ ಗಾಯ. ಹಾಗಾಗಿ ಬರೀ ಬ್ರಷ್ಷು, ಬೆರಳು. ಐವತ್ತು ದಾಟಿದ ಜಯದೇವಿಯ ಮೊಣಕಾಲು ಸಂಜೆಗೆ ಊದಿಕೊಳ್ಳುತ್ತದೆ. ಈ ಕೆಲಸದಲ್ಲಿ ಅದು ಹೊಸದೇನಲ್ಲ. ಗುಡ್ಡದ ಪೊದೆಗಳು ತಾಗಿ ಮೈಯೆಲ್ಲ ತುರಿಕೆ ಎದ್ದದ್ದುಂಟು. ಯಾರದೋ ಮನೆ ಮುಂದೆ ಎಲೆ ತಿರುವಿ ನೋಡುತ್ತಿದ್ದಾಗ ಕಳ್ಳಿಯೆಂದು ಪೊಲೀಸರಿಗೆ ಫೋನ್ ಮಾಡಿದವರೂ ಇದ್ದಾರೆ. ಆರ್ಟೀಸಿಯಾದ ಪಯನಿಯರ್ ಬುಲೆವಾರ್ಡಿನ ಇಂಡಿಯನ್ ಅಂಗಡಿಗಳಲ್ಲಿ ಸಾಮಾನು ಕೊಳ್ಳಲು ಹೋದಾಗ ಪರಿಚಯದವರು ಏನು ಕೆಲಸ ಎಂದು ಕೇಳುತ್ತಾರೆ. "ಗಿಡ ನೋಡೂ ಕೆಲಸ," ಎಂದರೆ, "ಓಹ್, ನೈಸ್," ಎಂದು ಹೇಳಿ ಗಂಡನ ಕಂಪನಿ ಯಾವುದೆಂದು ವಿಚಾರಿಸುತ್ತಾರೆ. ಇಲ್ಲೇ ಹುಟ್ಟಿದ ಮಗಳು ನಿಹಾರಿಕಾಗೆ ಮಾತ್ರ ಅಮ್ಮನ ಕೆಲಸದ ಮೇಲೆ ಬಲು ಪ್ರೀತಿ. ಕನ್ನಡದಲ್ಲಿ ಕೇಳಿಸಿಕೊಂಡು ಇಂಗ್ಲಿಷಿನಲ್ಲಿ ಉತ್ತರಿಸುವ ಹುಡುಗಿ, ಗುರುವಾರ ಸಂಜೆ ಅಮ್ಮನ ಮೊಣಕಾಲಿಗೆ ಎಣ್ಣೆ ತಿಕ್ಕುತ್ತಾ ಮೊದಲು ಕೇಳುವುದು, "ಹೌ ಈಸ್ ಅಜ್ಜೀಸ್ ಟ್ರೀ?"

ಅಜ್ಜಿಯ ನೇಮ ಚಳಿಗಾಲದಲ್ಲೂ ತಪ್ಪಲಿಲ್ಲ. ನಸುಕಿಗೆ ತುಂಬಿದ ತಂಬಿಗೆ ಹಿಡಿದು ಬರುತ್ತಾರೆ, ಸುತ್ತು ಹಾಕುತ್ತಾರೆ, ಹನಿಯೂ ಚೆಲ್ಲದಂತೆ ತಿರುಗಿ ಒಯ್ದು ಮನೆಯಂಗಳದ ಹೂವಿನ ಕುಂಡಕ್ಕೆ ಸುರಿಯುತ್ತಾರೆ. ಎರೆಯಬಾರದ ನೀರನ್ನು ಹೊತ್ತು ತರುವುದೇಕೆ ಎಂದು ಜಯದೇವಿ ಒಮ್ಮೆಯೂ ಕೇಳಿಲ್ಲ.

ಈಗ ಮಂಜು ಮೆಲ್ಲನೆ ಏಳುತ್ತಿದೆ. ಪೂರ್ವದ ಕಡೆಯ ಕೊಂಬೆಗಳು ಮೊದಲು ಕಾಣುತ್ತವೆ. ಅಲ್ಲಿ ಕೆಲವು ವಾರಗಳ ಹಿಂದೆ ಚಿಗುರು ಒಡೆದಿತ್ತು. ರಜನಿ ಫೋಟೋ ಕಳಿಸಿ ಕುಣಿದಾಡಿದರೂ ಜಯದೇವಿ ಹಿಗ್ಗಲಿಲ್ಲ. ಸಾಯುವ ಮರವೂ ಒಳಗೆ ಕೂಡಿಟ್ಟುಕೊಂಡದ್ದರ ಬಲದಿಂದ ಒಮ್ಮೆ ಚಿಗುರಿ, ಎಲೆ ಬಲಿಯುವ ಮೊದಲೇ ಒಣಗಿಬಿಡುವುದುಂಟು. ಅವರು ಕಾಯುತ್ತಿರುವುದು ಬೇರೊಂದಕ್ಕೆ. ಎದ್ದು, ಮೊಣಕಾಲು ನೀವಿಕೊಂಡು, ಕೈಗೆಟುಕುವ ರೆಂಬೆಯೊಂದನ್ನು ಬಗ್ಗಿಸುತ್ತಾರೆ. ಎಲೆಗಳು ಎಳೆಯವು, ಅಂಚಿನ ಮುಳ್ಳು ಇನ್ನೂ ಮೆತ್ತಗೆ. ಒಂದನ್ನು ತಿರುವುತ್ತಾರೆ, ಏನಿಲ್ಲ. ಇನ್ನೊಂದು, ಮತ್ತೊಂದು. ಆಮೇಲೆ ಅವರ ಕೈ ನಿಂತುಬಿಡುತ್ತದೆ. ಭೂತಗನ್ನಡಿ ಕಣ್ಣಿಗೆ ಹಿಡಿಯುತ್ತಾರೆ. ಬಾಗಿಸಿದ ರೆಂಬೆ ಬಿಡದೆ ಹಾಗೇ ನಿಂತು, ಇನ್ನೊಂದು ಕೈಯ ಹಿಂಬದಿಯಿಂದ ಕಣ್ಣೊರೆಸಿಕೊಳ್ಳುತ್ತಾರೆ.

ಅಷ್ಟರಲ್ಲಿ ಕಾರ್ಯದರ್ಶಿ ಬರುತ್ತಾರೆ. ಕೈಯಲ್ಲಿ ಕಾಫಿ ಲೋಟ ಹಿಡಿದ, ಮಾತು ಕಡಿಮೆಯ ಅಮೆರಿಕನ್ ಹೆಂಗಸು. ಅವರೂ ಎಲೆ ನೋಡುತ್ತಾರೆ. ಉಬ್ಬಿದ ಬೊಕ್ಕೆ, ಅಡಿಯಲ್ಲಿ ಇನ್ನೂ ತುಕ್ಕಿನ ಬಣ್ಣಕ್ಕೆ ತಿರುಗದ ತೆಳು ಗುಲಾಬಿ ರೋಮ. ಮುಖ ಸಪ್ಪಗಾಗುತ್ತದೆ. ಅಯ್ಯೋ, ರೋಗ ಮತ್ತೆ ಬಂತಲ್ಲ ಎಂದು ಇಂಗ್ಲಿಷಿನಲ್ಲಿ ಮರುಗುತ್ತಾರೆ. ಜಯದೇವಿ ಅವಸರ ಮಾಡುವುದಿಲ್ಲ. ಈ ನುಸಿ ಬೇರೆಲ್ಲೂ ಬದುಕಲಾರದು, ಇದಕ್ಕೆ ಬೇಕಾದ್ದು ರಸ ತುಂಬಿ ಬೆಳೆಯುತ್ತಿರುವ ಎಳೆ ಎಲೆ, ಒಣಗುವ ಎಲೆಯಲ್ಲಿ ಇಂಥ ಬೊಕ್ಕೆ ಏಳುವುದಿಲ್ಲ ಎಂದು ಇಂಗ್ಲಿಷಿನಲ್ಲೇ ಬಿಡಿಸಿ ಹೇಳುತ್ತಾರೆ. ಚಿಗುರು ವಾರಗಳಿಂದ ಬೇರಿನಿಂದಲೇ ಉಣ್ಣುತ್ತಿದೆ, ಈ ಬೊಕ್ಕೆಯೇ ಅದರ ಗುರುತು ಎನ್ನುತ್ತಾರೆ. ಆಮೇಲೆ ಅವರನ್ನು ಕೂರಿಸಿ ಬುಡ ತೋರಿಸುತ್ತಾರೆ. ಕಪ್ಪು ರಸ ನಿಂತಿದೆ. ಕೊಳೆತ ಜಾಗದ ಅಂಚಿನಲ್ಲಿ ಹೊಸ ತೊಗಟೆ ತುಟಿಯಂತೆ ಮಡಚಿ ಬರುತ್ತಿದೆ. ಪಶ್ಚಿಮದ ಕಡೆ ಕೊಂಬೆಗಳು ಸತ್ತೇ ಹೋಗಿವೆ, ಅವನ್ನು ಕತ್ತರಿಸಲೇಬೇಕು ಎಂಬುದನ್ನೂ ಮುಚ್ಚಿಡುವುದಿಲ್ಲ. ಕಾರ್ಯದರ್ಶಿ ಒಂದು ಸಲ ಮೇಲೆ, ಒಂದು ಸಲ ಸೈಕಲ್ ದಾರಿಯತ್ತ ನೋಡುತ್ತಾರೆ. ಸತ್ತ ಕೊಂಬೆ ತೆಗೆಸಿ, ಮರ ಇರಲಿ, ಮುಂದಿನ ವಸಂತಕ್ಕೆ ಮತ್ತೆ ನೋಡೋಣ ಎಂದು ಹೇಳಿ ಹೊರಡುತ್ತಾರೆ.

ಜಯದೇವಿ ಅಲ್ಲೇ ಒಂದು ಕಲ್ಲಿನ ಮೇಲೆ ಕೂತುಬಿಡುತ್ತಾರೆ. ಏನು ಬೇಕು ನಿಮಗೆ ಇನ್ನು ಎಂದು ಕೇಳಿದರೆ ಬಹಳ ಯೋಚಿಸುವುದಿಲ್ಲ. "ಬರೂ ವರ್ಷನೂ ಈ ಬೊಕ್ಕಿ ಕಾಣಲಿ. ಅಷ್ಟ ಸಾಕ್ರಿ," ಎನ್ನುತ್ತಾರೆ.

ಗುರುಶಾಂತವ್ವ ಇಷ್ಟು ಹೊತ್ತೂ ದೂರದಲ್ಲೇ ನಿಂತಿದ್ದರು. ಇಂಗ್ಲಿಷ್ ಮಾತು ತಿಳಿಯದೆ ಮುಖಗಳನ್ನೇ ನೋಡುತ್ತಿದ್ದರು. ಈಗ ತುಂಬಿದ ತಂಬಿಗೆ ಹಿಡಿದು ನಿಧಾನವಾಗಿ ಬಂದು ಅದೇ ರೆಂಬೆಯ ಎಲೆ ಮುಟ್ಟುತ್ತಾರೆ. ಬೊಕ್ಕೆಯ ಮೇಲೆ ಹೆಬ್ಬೆರಳು ಆಡಿಸುತ್ತಾರೆ.

"ಮತ್ತ ಬಂತೇನ ಇದು?"

"ಬಂದೈತ್ರಿ ಯವ್ವಾ. ಜೀವ ಇದ್ದಲ್ಲೆ ಬರೂದು ಇದು."

ಮುದುಕಿ ಎಲೆ ಬಿಟ್ಟು, ದೂರದ ಕಲ್ಲುಗಳ ಸುತ್ತನ್ನು ಒಮ್ಮೆ ಕಣ್ಣಾಡಿಸಿ ನೋಡುತ್ತಾರೆ. ನೇಮದ ಸುತ್ತು ಮುಗಿಸುತ್ತಾರೆ. ಇಂದು ಮನೆಯತ್ತ ಹೋಗುವುದಿಲ್ಲ. ಜಯದೇವಿಯ ಎದುರಿಗೆ ಬಂದು, ಮಣ್ಣು ಮೆತ್ತಿದ ಆ ಕೈಗಳಿಗೆ ತಂಬಿಗೆ ಕೊಡುತ್ತಾರೆ.

"ಕತ್ತಲಾಗ ಮನಿ ಬಿಟ್ಟು ಬಂದೀ. ಗಿಡಕ್ಕ ಬ್ಯಾಡಾದ ನೀರು, ನೀ ಕುಡಿ."

ಜಯದೇವಿ ಎರಡೂ ಕೈಯಲ್ಲಿ ತಂಬಿಗೆ ಎತ್ತಿ, ಒಂದೇ ಉಸಿರಿಗೆ ಕುಡಿಯುತ್ತಾರೆ.